ಚಿತ್ರಕಥೆಯ ಕಾಯಕಜೀವಿ: ಕಾರ್ಕಳದ ಅನಂತ ಪೈ

ಕಥೆಯನ್ನು ಕಿವಿಯಿಂದ ಕೇಳುವುದರ ಜೊತೆಗೆ ಕಣ್ಣಿನಿಂದ ಕಾಣುವ ಸಂಪ್ರದಾಯವು ನಮ್ಮ ಕರಾವಳಿಗೆ ಹೊಸತಲ್ಲ. ಬೈಂದೂರಿನಿಂದ ಬ್ರಹ್ಮಾವರದವರೆಗಿನ ಊರುಗಳಲ್ಲಿ ಅಕ್ಷರವನ್ನೇ ಅರಿಯದ ಜನರು ಸಹ ಬಯಲಾಟದ ರಂಗಸ್ಥಳದ ಮುಂದೆ ಕುಳಿತು ರಾಮಾಯಣ ಮಹಾಭಾರತಗಳನ್ನು ಬಣ್ಣ, ವೇಷ, ಕುಣಿತಗಳ ಮೂಲಕವೇ ಅರಿತುಕೊಂಡರು. ಕುಂದಾಪುರದ ಸಮೀಪದ ಉಪ್ಪಿನಕುದ್ರುವಿನಲ್ಲಿ ಕೊಗ್ಗ ಕಾಮತರ ಮನೆತನದವರು ಅದೇ ಪ್ರಸಂಗಗಳನ್ನು ಸೂತ್ರದ ಗೊಂಬೆಗಳಿಂದ ಆಡಿಸಿ ನಾಡಿಗೆ ಹೆಸರು ತಂದರು. ಕೋಟದಲ್ಲಿ ಜನಿಸಿದ ಡಾ. ಶಿವರಾಮ ಕಾರಂತರು 1936ರಲ್ಲಿ ‘ಬಾಲಪ್ರಪಂಚ’ದ ಮೂರು ಸಂಪುಟಗಳನ್ನು ಹೊರತಂದು, ಮಕ್ಕಳ ಜ್ಞಾನಕ್ಕೆ ಚಿತ್ರವೂ ಒಂದು ಹೆಬ್ಬಾಗಿಲೆಂಬುದನ್ನು ಕನ್ನಡಿಗರಿಗೆ ತೋರಿಸಿಕೊಟ್ಟರು. ಇದೇ ಸೀಮೆಯ ಮತ್ತೊಬ್ಬ ಮಗನು, ಹುಟ್ಟಿದೂರನ್ನು ಎಳವೆಯಲ್ಲಿಯೇ ತೊರೆದು ಮುಂಬಯಿ ಸೇರಿ, ಚಿತ್ರದಿಂದ ಕಥೆ ಹೇಳುವ ಕೆಲಸವನ್ನೇ ಬಾಳಿನ ಕಾಯಕವನ್ನಾಗಿ ಮಾಡಿಕೊಂಡು, ಭಾರತದ ಮನೆಮನೆಯ ಮಕ್ಕಳಿಗೆ ಆಪ್ತನಾದನು. ಅವರೇ ‘ಅಮರ ಚಿತ್ರಕಥೆ’ಯ ಸಂಪಾದಕರಾಗಿದ್ದ ಕೀರ್ತಿಶೇಷ ಅನಂತ ಪೈಯವರು.

ಅನಂತ ಪೈಯವರು 1929ನೆಯ ಇಸವಿಯ ಸೆಪ್ಟೆಂಬರ್ 17ರಂದು ಕಾರ್ಕಳದಲ್ಲಿ ಜನಿಸಿದರು. ತಂದೆ ವೆಂಕಟರಾಯರು, ತಾಯಿ ಸುಶೀಲಾ ಅವರು. ಇಂದು ಉಡುಪಿ ಜಿಲ್ಲೆಗೆ ಸೇರಿದ ಕಾರ್ಕಳ, ಕುಂದಾಪುರಗಳೆರಡೂ ಅಂದು ಮದರಾಸು ಪ್ರಾಂತ್ಯದ ದಕ್ಷಿಣ ಕನ್ನಡ ಜಿಲ್ಲೆಯಲ್ಲಿದ್ದವು. ವಿಧಿಯು ಬಾಲಕನ ವಿಷಯದಲ್ಲಿ ಕಠೋರವಾಯಿತು. ಎರಡು ವರ್ಷ ತುಂಬುವಷ್ಟರಲ್ಲಿ ತಂದೆತಾಯಿಗಳಿಬ್ಬರನ್ನೂ ಕಳೆದುಕೊಂಡ ಈ ಕೂಸು ಬಂಧುಗಳ ಆಶ್ರಯದಲ್ಲಿ ಬೆಳೆಯಬೇಕಾಯಿತು. ಹನ್ನೆರಡನೆಯ ವಯಸ್ಸಿನಲ್ಲಿ ಮುಂಬಯಿಗೆ ಬಂದು ಮಾಹೀಮಿನ ಓರಿಯಂಟ್ ಶಾಲೆಯಲ್ಲಿ ವ್ಯಾಸಂಗ ಮುಂದುವರಿಸಿದರು. ಮುಂದೆ ಮುಂಬಯಿ ವಿಶ್ವವಿದ್ಯಾನಿಲಯದಲ್ಲಿ ವಿಜ್ಞಾನವನ್ನೂ ರಾಸಾಯನಿಕ ತಂತ್ರಜ್ಞಾನವನ್ನೂ ಅಭ್ಯಸಿಸಿ ಪದವೀಧರರಾದರು.

ಅಂತಹ ಪದವಿಯನ್ನು ಪಡೆದ ತರುಣನಿಗೆ ಆ ಕಾಲದ ಮುಂಬಯಿಯ ಕಾರಖಾನೆಗಳಲ್ಲಿ ಗೌರವದ ಉದ್ಯೋಗ ದುರ್ಲಭವಾಗಿರಲಿಲ್ಲ. ಆದರೆ ಅವರ ಮನಸ್ಸು ಪ್ರಯೋಗಶಾಲೆಗಿಂತ ಮುದ್ರಣಾಲಯದ ಕಡೆಗೇ ಹರಿಯಿತು. 1954ರಲ್ಲಿ ‘ಮಾನವ’ ಎಂಬ ಮಕ್ಕಳ ಪತ್ರಿಕೆಯನ್ನು ಆರಂಭಿಸಿದರು. ಪತ್ರಿಕೆಯು ಬಾಳಲಿಲ್ಲ. ಆದರೂ ಅವರು ಎದೆಗುಂದದೆ ಟೈಮ್ಸ್ ಆಫ್ ಇಂಡಿಯಾ ಸಂಸ್ಥೆಯ ಪುಸ್ತಕ ವಿಭಾಗವನ್ನು ಸೇರಿದರು. 1961ರಲ್ಲಿ ಲಲಿತಾ ಅವರ ಕೈಹಿಡಿದರು. ಅದೇ ಸಂಸ್ಥೆಯು 1964ರಲ್ಲಿ ‘ಇಂದ್ರಜಾಲ’ ಕಾಮಿಕ್ಸ್ ಮಾಲೆಯನ್ನು ಹೊರತಂದಾಗ, ಅಮೆರಿಕದ ‘ಫ್ಯಾಂಟಮ್’ ಎಂಬ ಮುಸುಕಿನ ವೀರನು ಭಾರತದ ಬಾಲಕರ ಮನಸ್ಸನ್ನು ಸೂರೆಗೊಂಡುದನ್ನು ಪೈಯವರು ಹತ್ತಿರದಿಂದಲೇ ಕಂಡರು. ಚಿತ್ರಕಥೆಗೆ ಎಂತಹ ಶಕ್ತಿಯಿದೆಯೆಂಬುದು ಅವರಿಗೆ ಮನವರಿಕೆಯಾಯಿತು. ಆ ಶಕ್ತಿಯನ್ನು ಯಾವ ಕಾರ್ಯಕ್ಕೆ ಬಳಸಬೇಕೆಂಬುದಷ್ಟೇ ಉಳಿದಿದ್ದ ಪ್ರಶ್ನೆ.

ಅದಕ್ಕೆ ಉತ್ತರವು 1967ರಲ್ಲಿ ದೊರೆಯಿತು. ದೆಹಲಿಯ ಟೆಲಿವಿಷನ್ನಿನಲ್ಲಿ ಪ್ರಸಾರವಾದ ಒಂದು ರಸಪ್ರಶ್ನೆ ಕಾರ್ಯಕ್ರಮದಲ್ಲಿ ವಿದ್ಯಾರ್ಥಿಗಳು ಗ್ರೀಕ್ ಪುರಾಣಕ್ಕೆ ಸಂಬಂಧಿಸಿದ ಪ್ರಶ್ನೆಗೆ ಸಲೀಸಾಗಿ ಉತ್ತರ ಕೊಟ್ಟರು. ಶ್ರೀರಾಮನ ತಾಯಿಯ ಹೆಸರನ್ನು ಕೇಳಿದಾಗ ಮೌನ ತಾಳಿದರು. ಅನ್ಯರ ಪುರಾಣವನ್ನು ಅರಿತದ್ದು ತಪ್ಪೆಂದು ಪೈಯವರಿಗೆ ತೋರಲಿಲ್ಲ. ತಮ್ಮ ಮನೆಯ ಕಥೆಯನ್ನೇ ಅರಿಯದುದು ಅವರನ್ನು ಕಾಡಿತು. ಕೂಡುಕುಟುಂಬಗಳು ಒಡೆದು, ನಗರದ ಸಣ್ಣ ಮನೆಗಳಲ್ಲಿ ಅಜ್ಜಿಯರಿಲ್ಲದೆ ಬೆಳೆಯುತ್ತಿದ್ದ ಮಕ್ಕಳಿಗೆ ಈ ಕಥೆಗಳನ್ನು ಹೇಳುವವರಾರು? ಭದ್ರವಾದ ನೌಕರಿಯನ್ನು ತ್ಯಜಿಸಿ ಅವರು ಆ ಹೊಣೆಯನ್ನು ತಾವೇ ಹೊತ್ತರು. ಹಲವು ಪ್ರಕಾಶಕರು ಅವರ ಯೋಜನೆಯನ್ನು ಒಪ್ಪಲಿಲ್ಲ. ಕೊನೆಗೆ ಇಂಡಿಯಾ ಬುಕ್ ಹೌಸಿನ ಜಿ.ಎಲ್. ಮೀರ್‌ಚಂದಾನಿಯವರು ಧೈರ್ಯಮಾಡಿ ಮುಂದೆ ಬಂದರು.

ಇಲ್ಲಿ ಕನ್ನಡಿಗರು ಮರೆಯಬಾರದ ಸಂಗತಿಯೊಂದಿದೆ. ‘ಅಮರ ಚಿತ್ರಕಥೆ’ಯು ಮೊದಲು ಮಾತನಾಡಿದ್ದು ಇಂಗ್ಲಿಷಿನಲ್ಲಲ್ಲ, ಕನ್ನಡದಲ್ಲಿ. ಬೆಂಗಳೂರಿನಲ್ಲಿ ಇಂಡಿಯಾ ಬುಕ್ ಹೌಸಿನ ಪುಸ್ತಕ ವ್ಯವಹಾರವನ್ನು ನೋಡಿಕೊಳ್ಳುತ್ತಿದ್ದ ಜಿ.ಕೆ. ಅನಂತರಾಮ್ ಅವರ ಪ್ರೇರಣೆಯಿಂದ 1965ರಲ್ಲಿಯೇ ಪಾಶ್ಚಾತ್ಯ ಕಥೆಗಳನ್ನೊಳಗೊಂಡ ಹತ್ತು ಸಂಚಿಕೆಗಳು ಕನ್ನಡದಲ್ಲಿ ಪ್ರಕಟವಾಗಿ ಓದುಗರ ಮನ್ನಣೆ ಗಳಿಸಿದ್ದವು. ಈ ಯಶಸ್ಸೇ ಮುಂಬಯಿಯ ಪ್ರಕಾಶಕರಿಗೆ ಭರವಸೆ ನೀಡಿತು. ಆದುದರಿಂದಲೇ ಪೈಯವರು ಸ್ವತಃ ಬರೆದು, ರಾಮ್ ವಾಯೀರ್‌ಕರ್ ಅವರು ಚಿತ್ರಿಸಿದ ‘ಕೃಷ್ಣ’ ಎಂಬ ಇಂಗ್ಲಿಷ್ ಸಂಚಿಕೆಗೆ ಒಂದನೆಯ ಸಂಖ್ಯೆಯ ಬದಲು ಹನ್ನೊಂದನೆಯ ಸಂಖ್ಯೆಯೇ ಬಂದಿತು. ಮಾಲೆಯನ್ನು ಕಟ್ಟಿ ಬೆಳೆಸಿದ ಕೀರ್ತಿ ಪೈಯವರದು. ಅದರ ಮೊದಲ ಹೆಜ್ಜೆಯ ಗೌರವವು ಬೆಂಗಳೂರಿನ ಆ ಪುಸ್ತಕ ವ್ಯವಹಾರಿಗೂ, ಅದನ್ನು ಕೊಂಡು ಓದಿದ ಕನ್ನಡದ ಮಕ್ಕಳಿಗೂ ಸಲ್ಲಬೇಕು.

ಪೈಯವರು ಚಿತ್ರಕಾರರಾಗಿರಲಿಲ್ಲ. ಅವರು ಕಥೆಗಾರರು, ಅದಕ್ಕಿಂತ ಮಿಗಿಲಾಗಿ ಸಂಪಾದಕರು. ಒಂದು ಮಹಾಚರಿತ್ರೆಯನ್ನು 32 ಪುಟಗಳಿಗೆ ಇಳಿಸುವುದು ಸಾಮಾನ್ಯ ಕಾರ್ಯವಲ್ಲ. ಮೂಲಗ್ರಂಥಗಳನ್ನು ಓದಿ ಕಥೆಯ ತಿರುಳನ್ನು ಆಯಬೇಕು. ಅದನ್ನು ಚೌಕಚೌಕವಾಗಿ ವಿಭಾಗಿಸಬೇಕು. ಯಾವುದನ್ನು ಚಿತ್ರವು ಹೇಳಬೇಕು, ಯಾವುದನ್ನು ಮಾತು ಹೇಳಬೇಕೆಂದು ನಿರ್ಧರಿಸಬೇಕು. ವೇಷಭೂಷಣ, ಆಯುಧ, ಕಟ್ಟಡಗಳು ಆಯಾ ಕಾಲಕ್ಕೆ ಒಪ್ಪುವಂತಿರಬೇಕು. ಈ ಕೆಲಸದಲ್ಲಿ ಕಮಲಾ ಚಂದ್ರಕಾಂತ್, ಸುಬ್ಬರಾವ್, ಲೂಯಿಸ್ ಫರ್ನಾಂಡಿಸ್ ಮುಂತಾದ ಲೇಖಕರೂ, ಪ್ರತಾಪ್ ಮುಳಿಕ್, ದಿಲೀಪ್ ಕದಂ ಮುಂತಾದ ಚಿತ್ರಕಾರರೂ ಅವರಿಗೆ ಹೆಗಲು ಕೊಟ್ಟರು. ಮಹಾಭಾರತವೊಂದನ್ನೇ 42 ಸಂಚಿಕೆಗಳಲ್ಲಿ ಹೇಳಿ ಮುಗಿಸಿದುದು ಈ ಬಳಗದ ತಾಳ್ಮೆಗೆ ಸಾಕ್ಷಿಯಾಗಿದೆ. ಪುರಾಣಪುರುಷರಿಗೆ ಮಾತ್ರ ಮೀಸಲಾಗದೆ ಸಂತರು, ಅರಸರು, ಸ್ವಾತಂತ್ರ್ಯ ಯೋಧರು, ವಿಜ್ಞಾನಿಗಳವರೆಗೂ ಮಾಲೆಯು ಬೆಳೆಯಿತು. ಬಸವೇಶ್ವರರ ಚರಿತ್ರೆಯೂ ಅದರಲ್ಲಿ ಸೇರಿ, ಕನ್ನಡವನ್ನು ಅರಿಯದ ಮಕ್ಕಳಿಗೂ ಕಲ್ಯಾಣದ ಕ್ರಾಂತಿಪುರುಷನ ಪರಿಚಯವಾಯಿತು. ಕಾಲಕ್ರಮದಲ್ಲಿ 400ಕ್ಕೂ ಮಿಕ್ಕಿದ ಸಂಚಿಕೆಗಳು ಹೊರಬಂದು, ಭಾರತದ ಹಲವು ಭಾಷೆಗಳಲ್ಲಿ ಕೋಟಿಗಟ್ಟಲೆ ಪ್ರತಿಗಳು ಮಾರಾಟವಾದವು.

ಆದರೆ ಈ ಗೆಲುವು ಸುಲಭವಾಗಿ ಒದಗಿದುದಲ್ಲ. ಚಿತ್ರಕಥೆಯೆಂದರೆ ಮಕ್ಕಳ ಓದನ್ನು ಕೆಡಿಸುವ ವಸ್ತುವೆಂಬ ಭಾವನೆಯು ಅಂದಿನ ಶಿಕ್ಷಕರಲ್ಲಿಯೂ ಪೋಷಕರಲ್ಲಿಯೂ ಬಲವಾಗಿತ್ತು. ಈ ಅಂಜಿಕೆಯು ನಮ್ಮ ದೇಶಕ್ಕೆ ಮಾತ್ರ ಸೀಮಿತವಾಗಿರಲಿಲ್ಲ. 1954ರಲ್ಲಿ ಅಮೆರಿಕದ ಮನೋವೈದ್ಯರಾದ ಫ್ರೆಡ್ರಿಕ್ ವರ್ಥಮ್ ಅವರು, ಕಾಮಿಕ್ಸ್ ಪುಸ್ತಕಗಳು ಬಾಲಕರನ್ನು ಅಪರಾಧದೆಡೆಗೆ ಎಳೆಯುತ್ತವೆಂದು ಗ್ರಂಥವನ್ನೇ ಬರೆದಿದ್ದರು. ಅಲ್ಲಿಯ ಪ್ರಕಾಶಕರು ಅದೇ ವರ್ಷ ತಮಗೆ ತಾವೇ ಕಟ್ಟುನಿಟ್ಟಿನ ನಿಯಮಾವಳಿಯನ್ನು ವಿಧಿಸಿಕೊಳ್ಳಬೇಕಾಯಿತು. ಇಂತಹ ಕಾಲದಲ್ಲಿ ಪೈಯವರು ಶಾಲೆಯ ಬಾಗಿಲನ್ನೇ ತಟ್ಟಿದರು. ಮುಖ್ಯೋಪಾಧ್ಯಾಯರನ್ನು ಕಂಡು, ಗ್ರಂಥಾಲಯದ ಕಪಾಟಿನಲ್ಲಿ ಚಿತ್ರಕಥೆಗೂ ಒಂದು ಸ್ಥಾನ ಕೊಡಬೇಕೆಂದು ವಾದಿಸಿದರು. 1978ರಲ್ಲಿ ದೆಹಲಿಯಲ್ಲಿ ಶಾಲಾ ಶಿಕ್ಷಣದಲ್ಲಿ ಚಿತ್ರಕಥೆಯ ಪಾತ್ರವನ್ನು ಕುರಿತ ವಿಚಾರಗೋಷ್ಠಿಯು ಜರುಗಿತು. ಇತಿಹಾಸವನ್ನು ಕೆಲವು ವಿದ್ಯಾರ್ಥಿಗಳಿಗೆ ವಾಡಿಕೆಯ ಪಾಠಕ್ರಮದಲ್ಲಿಯೂ, ಕೆಲವರಿಗೆ ಚಿತ್ರಕಥೆಯ ಮೂಲಕವೂ ಕಲಿಸಿ ನೋಡಿದಾಗ, ಚಿತ್ರಕಥೆಯಿಂದ ಕಲಿತವರೇ ಮೇಲುಗೈ ಪಡೆದರೆಂಬ ಫಲಿತಾಂಶವು ಅವರ ವಾದಕ್ಕೆ ಬಲ ತಂದಿತು. ಹಿಂದೆ ಚೀಲದಿಂದ ಕಸಿದುಕೊಳ್ಳಲಾಗುತ್ತಿದ್ದ ಪುಸ್ತಕವು ಮೆಲ್ಲಮೆಲ್ಲನೆ ಬಹುಮಾನದ ಪುಸ್ತಕವಾಯಿತು.

1980ರಲ್ಲಿ ‘ಟಿಂಕಲ್’ ಪತ್ರಿಕೆಯು ಹುಟ್ಟಿತು. ಮಹಾಪುರುಷರ ಗಾಂಭೀರ್ಯದ ಪಕ್ಕದಲ್ಲಿ ನಗುವಿಗೂ ಎಡೆಯುಂಟೆಂದು ಅದು ತೋರಿಸಿತು. ಹೇಳಿದ ಮಾತನ್ನು ಅಕ್ಷರಶಃ ಪಾಲಿಸಿ ಎಡವಟ್ಟು ಮಾಡುವ ಸುಪ್ಪಂಡಿ, ಹೇಡಿಯಾದರೂ ವೀರನೆನಿಸಿಕೊಳ್ಳುವ ಶಿಕಾರಿ ಶಂಭು ಮೊದಲಾದ ಪಾತ್ರಗಳು ಮಕ್ಕಳ ನಾಲಗೆಯ ಮೇಲೆ ನಲಿದವು. ದೇಶದ ಮೂಲೆಮೂಲೆಯಿಂದ ಬಾಲಕ ಬಾಲಕಿಯರು ಬರೆದ ಪತ್ರಗಳ ಮೂಲಕ ಪೈಯವರು ‘ಅಂಕಲ್ ಪೈ’ ಆದರು. ತಂದೆತಾಯಿಗಳ ಮಡಿಲಿನಲ್ಲಿ ಕಥೆ ಕೇಳುವ ಭಾಗ್ಯವನ್ನು ಪಡೆಯದ ಕೂಸೊಂದು ಲಕ್ಷಾಂತರ ಮಕ್ಕಳಿಗೆ ಕಥೆ ಹೇಳುವ ಹಿರಿಯನಾದುದು ವಿಧಿಯ ವೈಚಿತ್ರ್ಯವೇ ಸರಿ.

ಅವರ ಕೃತಿಗಳು ವಿಮರ್ಶೆಗೆ ಹೊರತಾಗಲಿಲ್ಲ. ಅಸುರರನ್ನು ಕಪ್ಪು ಬಣ್ಣದಿಂದಲೂ ದೇವತೆಗಳನ್ನು ಗೌರವರ್ಣದಿಂದಲೂ ಚಿತ್ರಿಸಿದುದು, ಸ್ತ್ರೀಯರನ್ನು ಬಹುವಾಗಿ ತ್ಯಾಗಮೂರ್ತಿಗಳಾಗಿಯೇ ಕಂಡುದು, ಹಲವು ಪಾಠಾಂತರಗಳುಳ್ಳ ಕಥೆಯನ್ನು ಒಂದೇ ಮುಖದಿಂದ ಹೇಳಿದುದು — ಇವುಗಳನ್ನು ವಿದ್ವಾಂಸರು ಎತ್ತಿ ತೋರಿಸಿದ್ದಾರೆ. ಈ ಆಕ್ಷೇಪಗಳಲ್ಲಿ ಹುರುಳಿದೆ. ಅನುಭವಮಂಟಪದ ಚರ್ಚೆಯ ಆಳವಾಗಲಿ, ವಚನದ ಬನಿಯಾಗಲಿ 32 ಪುಟಗಳ ಚೌಕಗಳಲ್ಲಿ ಪೂರ್ಣವಾಗಿ ಅಡಗಲಾರದು. ಚಿತ್ರಕಥೆಯು ಹೊಸ್ತಿಲು, ಗರ್ಭಗುಡಿಯಲ್ಲ. ಹೊಸ್ತಿಲನ್ನೇ ದಾಟದವನು ಒಳಗೆ ಹೋಗುವ ಬಗೆಯೆಂತು? ಹೊಸ್ತಿಲ ಮೇಲೆಯೇ ಕುಳಿತವನಿಗೆ ಒಳಗಿನ ದರ್ಶನವೆಂತು? ಕೈಹಿಡಿದು ಒಳಗೆ ಕರೆದೊಯ್ಯುವ ಕಾರ್ಯವು ಶಿಕ್ಷಕನದು. ಚಿತ್ರವನ್ನು ನೋಡಿದ ಮಗುವಿಗೆ ಇದು ಹೀಗೇಕೆ, ಬೇರೆ ಬಗೆಯಲ್ಲಿ ಹೇಳಬಹುದಿತ್ತೇ ಎಂದು ಪ್ರಶ್ನಿಸಲು ಕಲಿಸಿದರೆ, ಆ ಕೃತಿಯ ಕೊರತೆಯೂ ಪಾಠವಾಗುತ್ತದೆ.

ಪೈಯವರು ಮೊದಲ ಹೆಜ್ಜೆಗಳನ್ನಿಟ್ಟ ಕಾಲದಿಂದ ಚಿತ್ರಕಥೆಯು ಬಹುದೂರ ಸಾಗಿದೆ. ಅವರು ಹುಟ್ಟಿದ 1929ರಲ್ಲಿಯೇ ಬೆಲ್ಜಿಯಂನಲ್ಲಿ ಹರ್ಜೆಯವರ ‘ಟಿನ್‌ಟಿನ್’ ಕಾಣಿಸಿಕೊಂಡು, ಮುಂದೆ ಜಗತ್ತಿನ ಮಕ್ಕಳನ್ನು ರಂಜಿಸಿದನು. ಯೆಹೂದ್ಯರ ಮೇಲೆ ನಡೆದ ನಾಜಿ ಕ್ರೌರ್ಯವನ್ನು ಇಲಿ ಬೆಕ್ಕುಗಳ ರೂಪದಲ್ಲಿ ಹೇಳಿದ ಆರ್ಟ್ ಸ್ಪೀಗೆಲ್‌ಮನ್ನರ ‘ಮೌಸ್’ ಕೃತಿಗೆ 1992ರಲ್ಲಿ ಪುಲಿಟ್ಜರ್ ಗೌರವ ಸಂದಿತು. ಡಾ. ಅಂಬೇಡ್ಕರರ ಬಾಳನ್ನು ಗೊಂಡ ಶೈಲಿಯ ಚಿತ್ರಗಳಲ್ಲಿ ಹೇಳಿದ ‘ಭೀಮಾಯನ’ವು 2011ರಲ್ಲಿ ಪ್ರಕಟವಾಗಿ, ಚೌಕಗಳ ಕಟ್ಟನ್ನೇ ಬಿಟ್ಟು ಕಥೆ ಹೇಳಬಹುದೆಂದು ತೋರಿಸಿತು. ಕೆಳ ತರಗತಿಯವರಿಗೆ ‘ಟಿಂಕಲ್’ ಮತ್ತು ‘ಟಿನ್‌ಟಿನ್’, ಮಾಧ್ಯಮಿಕ ಶಾಲೆಯವರಿಗೆ ‘ಅಮರ ಚಿತ್ರಕಥೆ’ಯ ಮಹಾಭಾರತ ಮತ್ತು ಬಸವೇಶ್ವರ, ಪ್ರೌಢರಿಗೆ ‘ಭೀಮಾಯನ’ ಮತ್ತು ‘ಮೌಸ್’ — ಈ ಕ್ರಮದಲ್ಲಿ ಗ್ರಂಥಾಲಯವು ಅಣಿಗೊಂಡರೆ ವಿದ್ಯಾರ್ಥಿಯ ಓದು ಮೆಟ್ಟಿಲುಮೆಟ್ಟಿಲಾಗಿ ಏರುತ್ತದೆ.

2011ರ ಫೆಬ್ರವರಿಯಲ್ಲಿ ದೆಹಲಿಯಲ್ಲಿ ಜರುಗಿದ ಭಾರತದ ಪ್ರಥಮ ಕಾಮಿಕ್ ಸಮ್ಮೇಳನವು ಪೈಯವರ ಜೀವಮಾನದ ಸಾಧನೆಯನ್ನು ಗೌರವಿಸಿತು. ಕೆಲವೇ ದಿನಗಳಲ್ಲಿ, ಅದೇ ತಿಂಗಳ 24ರಂದು, ಎಂಬತ್ತೊಂದನೆಯ ವಯಸ್ಸಿನಲ್ಲಿ ಅವರು ಮುಂಬಯಿಯಲ್ಲಿ ಕೊನೆಯುಸಿರೆಳೆದರು.

ವಿದ್ಯಾಸಂಸ್ಥೆಗಳಿಗೆ ಕಟ್ಟಡವನ್ನೂ ಊಟವಸತಿಯನ್ನೂ ಒದಗಿಸಿದ ದಾನಿಗಳ ಔದಾರ್ಯವು ದೊಡ್ಡದು. ಅದರೊಡನೆ ಮಗುವಿನ ಕೈಗೆ ಅದು ತಾನಾಗಿ ಬಯಸಿ ಓದುವ ಪುಸ್ತಕವನ್ನು ಇಡುವುದೂ ಜ್ಞಾನದಾಸೋಹವೇ. ಪಾಠಪುಸ್ತಕವನ್ನು ಕಂಡು ಹಿಂಜರಿಯುವ ಹಿಂದಿನ ಬೆಂಚಿನ ಬಾಲಕನೂ ಚಿತ್ರದ ಆಸೆಯಿಂದ ಪುಟ ತಿರುವುತ್ತಾನೆ; ಪುಟ ತಿರುವಿದವನು ಒಂದು ಸಾಲನ್ನಾದರೂ ಓದುತ್ತಾನೆ. ಆ ಒಂದು ಸಾಲಿಗಾಗಿ ಬಾಳನ್ನೇ ಸವೆಸಿದ ಅನಂತ ಪೈಯವರ ಹೆಸರು ಕರಾವಳಿಯ ಶಾಲೆಗಳಲ್ಲಿ ಚಿರಕಾಲ ಉಳಿಯಲಿ.