ಶಬ್ದದ ನೆಲೆ ಹುಡುಕಿದ ಇಮಾಮ್ ಖಲೀಲ್(ರ)

ಬೆಳಗಾವಿಯ ಉದ್ಯಮಬಾಗದ ಫೌಂಡ್ರಿಗಳಲ್ಲಿ ಅನುಭವಿ ಕೆಲಸಗಾರರು ಎರಕದ ತುಂಡನ್ನು ಸುತ್ತಿಗೆಯಿಂದ ಮೆಲ್ಲಗೆ ಬಡಿದು ನೋಡುವುದುಂಟು. ತುಂಡು ಗಟ್ಟಿಯಾಗಿದ್ದರೆ ದನಿ ಸ್ವಚ್ಛವಾಗಿ ಕೇಳುತ್ತದೆ. ಒಳಗೆ ಬಿರುಕಿದ್ದರೆ ಮಂಕಾಗುತ್ತದೆ. ಖಾನಾಪುರದ ಕುಂಬಾರರೂ ಗಡಿಗೆಯನ್ನು ಬೆರಳಿನಿಂದ ಬಾರಿಸಿಯೇ ಅದರ ಗುಣ ತಿಳಿಯುತ್ತಾರೆ. ಕಣ್ಣಿಗೆ ಕಾಣದ ದೋಷ ಕಿವಿಗೆ ಸಿಕ್ಕಿಬೀಳುತ್ತದೆ. ಕಿವಿಯೆಂಬ ಈ ಅನುಗ್ರಹವನ್ನು ಜ್ಞಾನಕ್ಕೂ ಧರ್ಮಸೇವೆಗೂ ಮುಡಿಪಾಗಿಟ್ಟ ಓರ್ವ ಮಹಾನುಭಾವರ ಬದುಕನ್ನು ತಿಳಿಯೋಣ.

ಅವರು ಖಲೀಲ್ ಬಿನ್ ಅಹ್ಮದ್ ಅಲ್ ಫರಾಹೀದಿ(ರ). ಹಿಜರಿ 100ರ ಸುಮಾರಿಗೆ, ಅಂದರೆ ಕ್ರಿ.ಶ. 718ರ ವೇಳೆಗೆ, ಒಮಾನಿನಲ್ಲಿ ಜನಿಸಿ ಇರಾಕಿನ ಬಸ್ರಾ ನಗರದಲ್ಲಿ ಬೆಳೆದರು. ಕುರ್‌ಆನ್ ಪಾರಾಯಣದ ಏಳು ಇಮಾಮರಲ್ಲಿ ಒಬ್ಬರಾದ ಅಬೂ ಅಮ್ರ್ ಬಿನ್ ಅಲಾ(ರ) ಅವರ ಗುರುಗಳು. ಅರಬಿ ವ್ಯಾಕರಣದ ಮಹಾಪಂಡಿತ ಸೀಬವೈಹಿ ಅವರ ಶಿಷ್ಯ.

ಅಂದಿನ ಬಸ್ರಾದಲ್ಲಿ ಒಂದು ದೊಡ್ಡ ಸಮಸ್ಯೆಯಿತ್ತು. ಅರಬಿ ಮಾತೃಭಾಷೆಯಲ್ಲದ ಅಸಂಖ್ಯಾತ ಜನರು ಇಸ್ಲಾಮಿಗೆ ಬಂದಿದ್ದರು. ಅವರ ನಾಲಿಗೆಗೆ ಅರಬಿ ದನಿಗಳು ಹೊಸತು. ಇದು ಸಣ್ಣ ವಿಷಯವೇ? ಹೃದಯ ಎಂಬ ಅರ್ಥದ ಅರಬಿ ಪದವು ನಾಲಿಗೆಯ ಬುಡದಿಂದ ಹೊರಡುವ ಖಾಫ್ ಅಕ್ಷರದಿಂದ ಆರಂಭವಾಗುತ್ತದೆ. ಅದನ್ನು ತುಸು ಮುಂದೆ ತಂದು ಕಾಫ್ ಎಂದು ಉಚ್ಚರಿಸಿದರೆ ಹೃದಯ ಹೋಗಿ ನಾಯಿ ಎಂದಾಗುತ್ತದೆ! ಅಲ್ಲಾಹನ ವಚನವನ್ನು ಓದುವಾಗ ಇಂತಹ ಪ್ರಮಾದವಾದರೆ ಏನು ಗತಿ?

ಖಲೀಲ್(ರ) ಈ ಸಮಸ್ಯೆಯ ಬುಡಕ್ಕೇ ಕೈಹಾಕಿದರು. ಪ್ರತಿ ಅಕ್ಷರದ ಹಿಂದೆ ಒಂದು ಅಕಾರವನ್ನಿಟ್ಟು ಅಬ್, ಅತ್, ಅಕ್ ಎಂದು ಉಚ್ಚರಿಸಿ, ಉಸಿರು ಎಲ್ಲಿ ತಡೆಯುತ್ತದೆಂದು ಪರೀಕ್ಷಿಸಿದರು. ನೀವೂ ಒಮ್ಮೆ ಹೇಳಿ ನೋಡಿರಿ. ಒಂದು ತುಟಿಯಲ್ಲಿ, ಇನ್ನೊಂದು ಹಲ್ಲಿನ ಬಳಿ, ಮತ್ತೊಂದು ಬಾಯಿಯ ಹಿಂಭಾಗದಲ್ಲಿ ನಿಲ್ಲುವುದು ನಿಮಗೇ ತಿಳಿಯುತ್ತದೆ. ಹೀಗೆ ಅವರು ಅರಬಿ ಅಕ್ಷರಗಳನ್ನು ಗಂಟಲಿನಿಂದ ತುಟಿಯವರೆಗೆ ಕ್ರಮವಾಗಿ ಜೋಡಿಸಿದರು. ಗಂಟಲಿನ ಐನ್ ಅಕ್ಷರದಿಂದ ಆರಂಭಿಸಿದ್ದರಿಂದ ಅವರ ನಿಘಂಟಿಗೆ ಕಿತಾಬುಲ್ ಐನ್ ಎಂದೇ ಹೆಸರಾಯಿತು. ಅರಬಿ ಭಾಷೆಯ ಮೊದಲ ನಿಘಂಟು ಅದು. ನಮ್ಮ ಕನ್ನಡ ವರ್ಣಮಾಲೆಯ ವರ್ಗಾಕ್ಷರಗಳೂ ಕಂಠದ ಕಕಾರದಿಂದ ಹೊರಟು ತುಟಿಯ ಪಕಾರಕ್ಕೆ ಬರುತ್ತವೆಯಲ್ಲವೇ? ಇಂದು ಮದ್ರಸಗಳಲ್ಲಿ ಕಲಿಸುವ ತಜ್ವೀದಿನ 17 ಉಚ್ಚಾರಣಾ ಸ್ಥಾನಗಳ ಲೆಕ್ಕವನ್ನು ವಿದ್ವಾಂಸರು ಇವರ ಹೆಸರಿನಲ್ಲೇ ಗುರುತಿಸುತ್ತಾರೆ.

ಅಂದು ಸ್ವರ ತೋರಿಸಲು ಬೇರೆ ಬಣ್ಣದ ಶಾಯಿಯ ಚುಕ್ಕೆಗಳನ್ನಿಡುತ್ತಿದ್ದರು. ಅಕ್ಷರಗಳಿಗೂ ಚುಕ್ಕೆ, ಸ್ವರಕ್ಕೂ ಚುಕ್ಕೆ ಎಂದಾಗಿ ಗೊಂದಲ ಹೆಚ್ಚಿತ್ತು. ಖಲೀಲ್(ರ) ಅದರ ಬದಲು ಪುಟ್ಟ ಅಲಿಫ್, ಪುಟ್ಟ ವಾವ್, ಪುಟ್ಟ ಯಾ ರೂಪಗಳನ್ನು ಬಳಕೆಗೆ ತಂದರು. ನಿಮ್ಮ ಮನೆಯ ಮುಸ್‌ಹಫ್ ತೆರೆದರೆ ಕಾಣುವ ಝಬರ್, ಝೇರ್, ಪೇಶ್ ಅವುಗಳಿಂದಲೇ ಬಂದವು. ತಶ್‌ದೀದಿನ ಚಿಹ್ನೆಯೂ ಅವರದೇ ಕೊಡುಗೆ.

ಬಸ್ರಾದ ತಾಮ್ರದ ಕೆಲಸಗಾರರ ಬೀದಿಯಲ್ಲಿ ನಡೆಯುವಾಗ ಸುತ್ತಿಗೆಯ ಏಟುಗಳ ಲಯ ಕೇಳಿ ಅರಬಿ ಕಾವ್ಯದ ಛಂದಸ್ಸು ಅವರಿಗೆ ಹೊಳೆಯಿತೆಂದು ಚರಿತ್ರೆಕಾರರು ಹೇಳುತ್ತಾರೆ. ಅದೇ ಗದ್ದಲದಲ್ಲಿ ದಿನವೂ ಸಾವಿರಾರು ಜನ ನಡೆದಾಡಿದ್ದರು. ನಿಯಮವನ್ನು ಕೇಳಿಸಿಕೊಂಡವರು ಒಬ್ಬರೇ. ಅವರು 15 ಛಂದಸ್ಸುಗಳನ್ನು ಗುರುತಿಸಿದರು. ಹದಿನಾರನೆಯದನ್ನು ನಂತರ ಅಖ್‌ಫಶ್ ಸೇರಿಸಿದರು.

ಇಷ್ಟೆಲ್ಲ ಕೀರ್ತಿಯಿದ್ದರೂ ಅವರ ವಾಸ ಒಂದು ಬಡ ಗುಡಿಸಲಿನಲ್ಲಿ. ಅವರಿಂದ ಕಲಿತ ವಿದ್ಯೆಯಿಂದ ಶಿಷ್ಯರು ಹಣ ಗಳಿಸುತ್ತಿದ್ದರೆ ಅವರ ಕೈಯಲ್ಲಿ ಎರಡು ಕಾಸೂ ಇರುತ್ತಿರಲಿಲ್ಲವಂತೆ. ಸುಲೈಮಾನ್ ಬಿನ್ ಹಬೀಬ್ ಎಂಬ ಪ್ರಾಂತಾಧಿಕಾರಿಯು ತನ್ನ ಮಗನಿಗೆ ಪಾಠ ಹೇಳಲು ಕರೆಕಳಿಸಿದಾಗ, ಅವರು ದೂತನಿಗೆ ಒಣರೊಟ್ಟಿಯ ತುಂಡನ್ನು ತೋರಿಸಿ, ಇದು ಇರುವವರೆಗೆ ತನಗೆ ಸುಲೈಮಾನನ ಅಗತ್ಯವಿಲ್ಲವೆಂದು ಹೇಳಿ ಕಳಿಸಿದರು. ಅದರಿಂದ ಅವರಿಗೆ ಬರುತ್ತಿದ್ದ ವೇತನವೂ ನಿಂತಿತು. ಆದರೆ ಅವರು ಕದಲಲಿಲ್ಲ. ಅನ್ನ ಕೊಡುವವನು ಅಲ್ಲಾಹನೆಂಬ ವಿಶ್ವಾಸ ಅವರ ಬಾಯಿಮಾತಾಗಿರದೆ ಬದುಕಾಗಿತ್ತು.

ಅವರ ಅಂತ್ಯದ ಕುರಿತೂ ಒಂದು ವರದಿಯಿದೆ. ಕೆಲಸದ ಹುಡುಗಿಯೊಬ್ಬಳು ಅಂಗಡಿಗೆ ಹೋದರೂ ವ್ಯಾಪಾರಿಯು ಅವಳನ್ನು ವಂಚಿಸಲಾಗದಂತಹ ಸುಲಭ ಲೆಕ್ಕದ ಕ್ರಮವೊಂದನ್ನು ಅವರು ಯೋಚಿಸುತ್ತಿದ್ದರು. ಆ ಚಿಂತನೆಯಲ್ಲೇ ಮಸೀದಿಯೊಳಗೆ ನಡೆಯುತ್ತಾ ಕಂಬಕ್ಕೆ ಬಡಿದು ಬಿದ್ದರು. ಅದೇ ಏಟಿನಿಂದ ತೀರಿಕೊಂಡರೆಂದು ಹೇಳಲಾಗಿದೆ. ಅದು ಕ್ರಿ.ಶ. 786 ಮತ್ತು 791ರ ನಡುವಿನ ಕಾಲ. ನೋಡಿರಿ, ಅಷ್ಟು ದೊಡ್ಡ ವಿದ್ವಾಂಸರ ಕೊನೆಯ ಚಿಂತೆಯೂ ಒಬ್ಬ ಬಡ ಹುಡುಗಿಗೆ ಅನ್ಯಾಯವಾಗಬಾರದೆಂಬುದೇ ಆಗಿತ್ತು!

ಸಹೋದರ ಸಹೋದರಿಯರೇ, ಪವಿತ್ರ ಕುರ್‌ಆನ್ ಹಲವೆಡೆ ದೃಷ್ಟಿಗಿಂತ ಮೊದಲು ಶ್ರವಣವನ್ನು ಹೆಸರಿಸುತ್ತದೆ. ಕಿವಿಯ ಬಗ್ಗೆಯೂ ನಾಳೆ ವಿಚಾರಣೆಯಿದೆ ಎಂದು ಎಚ್ಚರಿಸುತ್ತದೆ. ನಮ್ಮ ಕಿವಿಯನ್ನು ನಾವು ಯಾವುದಕ್ಕೆ ಬಳಸುತ್ತಿದ್ದೇವೆ? ಪರನಿಂದೆಯನ್ನು ಒಂದಕ್ಷರವೂ ಬಿಡದೆ ಕೇಳುವ ನಾವು, ನಮ್ಮ ಮಗು ಸೂರಃ ಫಾತಿಹಾ ಓದುವಾಗ ಅಕ್ಷರಗಳು ಸರಿಯಾಗಿವೆಯೇ ಎಂದು ಹತ್ತಿರ ಕೂತು ಕೇಳಿದ್ದುಂಟೇ? ಬಡವರ ಅಹವಾಲು ನಮ್ಮ ಕಿವಿಗೆ ಬೀಳುತ್ತದೆಯೇ? ಇಂದು ರಾತ್ರಿಯೇ ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಫಾತಿಹಾ ಓದಿಸಿರಿ. ತಪ್ಪಿದ್ದರೆ ತಿದ್ದಿರಿ, ನಿಮಗೂ ಬಾರದಿದ್ದರೆ ಅವರೊಂದಿಗೆ ಕಲಿಯಿರಿ. ಕೇಳಬೇಕಾದುದನ್ನು ಕೇಳುವ, ಕೇಳಿದ ಒಳಿತನ್ನು ಪಾಲಿಸುವ ಭಾಗ್ಯವನ್ನು ಅಲ್ಲಾಹನು ನಮಗೆಲ್ಲರಿಗೂ ಕರುಣಿಸಲಿ. ಆಮೀನ್.