ಗಿಡವನ್ನೇ ಕೇಳಿ ತಿಳಿದ ಜಗದೀಶಚಂದ್ರ ಬೋಸ್

ಮುಟ್ಟಿದೊಡನೆ ಎಲೆ ಮಡಚಿಕೊಳ್ಳುವ ಗಿಡಕ್ಕೆ ನಮ್ಮ ಹಿರಿಯರು ಮುಟ್ಟಿದರೆ ಮುನಿ ಎಂದು ಹೆಸರಿಟ್ಟರು. ಕೆಲವು ಕಡೆ ಅದಕ್ಕೆ ನಾಚಿಕೆ ಮುಳ್ಳು ಎಂದೂ ಹೆಸರುಂಟು. ಮುನಿಸು, ನಾಚಿಕೆ ಎರಡೂ ಮನುಷ್ಯರ ಗುಣಗಳು. ಗಿಡಕ್ಕೂ ನಮ್ಮ ಮನಸ್ಸು ತಿಳಿಯುತ್ತದೆ, ಬೈದರೆ ಸೊರಗುತ್ತದೆ, ಪ್ರೀತಿಯಿಂದ ಮಾತನಾಡಿಸಿದರೆ ಚಿಗುರುತ್ತದೆ ಎಂಬ ಕಥೆಗಳು ಬಹಳ. ರೈತರ ಸಭೆಗಳಲ್ಲಿ ಈ ಮಾತು ಬಂದಾಗ, ಇದನ್ನು ಜಗದೀಶಚಂದ್ರ ಬೋಸರೇ ತೋರಿಸಿಕೊಟ್ಟಿದ್ದಾರಲ್ಲ ಎಂದು ಯಾರಾದರೊಬ್ಬರು ಹೇಳುವುದುಂಟು. ಬೋಸರು ತೋರಿಸಿದ್ದೇನು, ತೋರಿಸದಿದ್ದದ್ದೇನು ಎಂಬುದನ್ನು ಅವರ ಬಾಳಿನಿಂದಲೇ ತಿಳಿಯೋಣ.

ಬೋಸರು ಹುಟ್ಟಿದ್ದು 1858ರ ನವೆಂಬರ್ 30ರಂದು, ಈಗ ಬಾಂಗ್ಲಾದೇಶದಲ್ಲಿರುವ ಮೈಮನ್‌ಸಿಂಗ್‌ನಲ್ಲಿ. ತಂದೆ ಸರ್ಕಾರಿ ಅಧಿಕಾರಿ. ಆದರೂ ಮಗನನ್ನು ಮೊದಲು ಇಂಗ್ಲಿಷ್ ಶಾಲೆಗೆ ಕಳಿಸದೆ ಊರಿನ ಬಂಗಾಳಿ ಶಾಲೆಗೆ ಸೇರಿಸಿದರು. ಅಲ್ಲಿ ಮನೆಯ ಸೇವಕನ ಮಗನೂ ಬೆಸ್ತರ ಹುಡುಗನೂ ಅವರ ಪಕ್ಕದಲ್ಲಿ ಕುಳಿತು ಕಲಿಯುತ್ತಿದ್ದರು. ಆ ಹುಡುಗರು ಹೇಳುತ್ತಿದ್ದ ಹಕ್ಕಿ, ಪ್ರಾಣಿ, ನೀರಿನ ಜೀವಿಗಳ ಸಂಗತಿಗಳಿಂದಲೇ ತಮಗೆ ಪ್ರಕೃತಿಯ ಕುತೂಹಲ ಹುಟ್ಟಿತೆಂದು ಬೋಸರು ಮುಂದೆ ನೆನೆಯುತ್ತಿದ್ದರು.

ಕಲ್ಕತ್ತ ಮತ್ತು ಕೇಂಬ್ರಿಜ್‌ಗಳಲ್ಲಿ ಓದಿ, 1885ರಲ್ಲಿ ಕಲ್ಕತ್ತದ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಭೌತಶಾಸ್ತ್ರದ ಅಧ್ಯಾಪಕರಾದರು. ಅದೇ ಕೆಲಸಕ್ಕೆ ಬಿಳಿಯರಿಗೊಂದು ಸಂಬಳ, ಭಾರತೀಯರಿಗೆ ಅದಕ್ಕಿಂತ ಕಡಿಮೆ. ಬೋಸರು ಜಗಳ ಕಾಯಲಿಲ್ಲ. ಸಂಬಳವನ್ನೇ ಮುಟ್ಟದೆ ಮೂರು ವರ್ಷ ಪಾಠ ಹೇಳಿದರು. ಮನೆಯಲ್ಲಿ ಸಾಲದ ಕಷ್ಟವಿತ್ತು. ಕೊನೆಗೆ ಸರ್ಕಾರವೇ ಮಣಿದು ಹಿಂದಿನ ಬಾಕಿಯೊಡನೆ ಪೂರ್ಣ ಸಂಬಳ ಕೊಟ್ಟಿತು.

ಅವರ ಮೊದಲ ಕೀರ್ತಿ ಬಂದದ್ದು ಗಿಡಗಳಿಂದಲ್ಲ, ರೇಡಿಯೋ ಅಲೆಗಳಿಂದ. 1895ರಲ್ಲಿ ಕಲ್ಕತ್ತದಲ್ಲಿ ತಂತಿಯಿಲ್ಲದೆ, ಗೋಡೆಗಳಾಚೆ ಗಂಟೆ ಬಾರಿಸಿ ಜನರನ್ನು ಬೆರಗುಗೊಳಿಸಿದರು. ಈ ಅಲೆಗಳನ್ನು ಹಿಡಿಯುವ ಉಪಕರಣ ಸತತ ಕೆಲಸದಿಂದ ಮಂದವಾಗಿ, ಬಿಡುವು ಕೊಟ್ಟರೆ ಚೇತರಿಸಿಕೊಳ್ಳುವುದನ್ನು ಅವರು ಕಂಡರು. ಲೋಹವೇ ಹೀಗಾದರೆ ಗಿಡ ಹೇಗೆ ಎಂಬ ಪ್ರಶ್ನೆ ಅವರನ್ನು ಸಸ್ಯಗಳ ಕಡೆಗೆ ತಿರುಗಿಸಿತು. 1901ರಲ್ಲಿ ಲಂಡನ್ನಿನ ವಿದ್ವಾಂಸರ ಮುಂದೆ ತಮ್ಮ ಫಲಿತಾಂಶ ಇಟ್ಟಾಗ, ಭೌತಶಾಸ್ತ್ರದವರಿಗೆ ಇದು ಸಲ್ಲದ ಕೆಲಸವೆಂದು ಕೆಲವರು ವಿರೋಧಿಸಿದರು. ಬೋಸರು ಹಿಂಜರಿಯಲಿಲ್ಲ.

ಗಿಡದ ವಿಷಯವನ್ನು ಗಿಡವೇ ಬರೆದು ತಿಳಿಸಬೇಕು ಎಂಬುದು ಅವರ ಪಟ್ಟು. ಅದಕ್ಕೆ ಬೇಕಾದ ಸೂಕ್ಷ್ಮ ಯಂತ್ರಗಳನ್ನು ನಮ್ಮ ದೇಶದ ಕುಶಲಕರ್ಮಿಗಳಿಂದಲೇ ಮಾಡಿಸಿದರು. ಬೆಳವಣಿಗೆಯನ್ನು ಸಾವಿರಾರು ಪಟ್ಟು ಹಿಗ್ಗಿಸಿ ತೋರಿಸುವ ಕ್ರೆಸ್ಕೋಗ್ರಾಫ್ ಅವುಗಳಲ್ಲೊಂದು. ಮುಟ್ಟಿದರೆ ಮುನಿಯನ್ನು ಮುಟ್ಟಿದಾಗ ಕಾಂಡದೊಳಗೆ ವಿದ್ಯುತ್ತಿನ ಸಂಜ್ಞೆ ಹರಿಯುತ್ತದೆ, ಕ್ಲೋರೋಫಾರ್ಮ್ ಕೊಟ್ಟರೆ ಅದು ತಗ್ಗುತ್ತದೆ ಎಂದು ತೋರಿಸಿದರು. ಎಲೆಬುಡದ ಕೋಶಗಳಿಂದ ನೀರು ಹೊರಟಾಗ ಎಲೆ ಕುಸಿಯುತ್ತದೆ. ಅದು ನಾಚಿಕೆಯೂ ಅಲ್ಲ, ಮುನಿಸೂ ಅಲ್ಲ.

ಇದಕ್ಕಿಂತ ಸೊಗಸಾದದ್ದು ಫರೀದ್‌ಪುರದ ಈಚಲು ಮರದ ಸಂಗತಿ. ಓರೆಯಾಗಿ ಬೆಳೆದಿದ್ದ ಆ ಮರ ಸಂಜೆ ದೇವಸ್ಥಾನದ ಗಂಟೆ ಬಾರಿಸುವ ಹೊತ್ತಿಗೆ ತಲೆ ಬಾಗುತ್ತದೆ, ಬೆಳಿಗ್ಗೆ ಏಳುತ್ತದೆ ಎಂದು ಜನ ಕೈಮುಗಿಯುತ್ತಿದ್ದರು. ಮರಕ್ಕೆ ಯಂತ್ರ ಕಟ್ಟಿದರೆ ಮಹಿಮೆ ಹೋದೀತೆಂದು ಒಡೆಯ ಅಂಜಿದ. ಬೋಸರು ಅವನನ್ನು ಹಳಿಯಲಿಲ್ಲ. ಯಂತ್ರ ನಮ್ಮ ದೇಶದ್ದೇ, ಅದನ್ನು ಕಟ್ಟುವವನು ಪುರೋಹಿತರ ಮಗ ಎಂದು ಹೇಳಿ ಒಪ್ಪಿಸಿದರು. ಹಗಲಿರುಳೂ ಅಳೆದು ನೋಡಿದಾಗ ಮರ ಎಲ್ಲ ಹೊತ್ತಿನಲ್ಲೂ ಮೆಲ್ಲಗೆ ಚಲಿಸುತ್ತಲೇ ಇತ್ತು. ಬಿಸಿ ಏರಿದಂತೆ ತಗ್ಗುತ್ತಿತ್ತು, ತಂಪಾದಂತೆ ಏಳುತ್ತಿತ್ತು. ಅದನ್ನು ಬಾಗಿಸಿದ್ದು ಭಕ್ತಿಯಲ್ಲ, ಹಗಲಿನ ತಾಪ.

1917ರಲ್ಲಿ, ತಮ್ಮ ಹುಟ್ಟುಹಬ್ಬದಂದೇ, ಕಲ್ಕತ್ತದಲ್ಲಿ ಬೋಸ್ ಸಂಶೋಧನಾ ಮಂದಿರ ತೆರೆದರು. 1920ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿ ಅವರನ್ನು ಸದಸ್ಯರನ್ನಾಗಿಸಿತು. 1937ರ ನವೆಂಬರ್ 23ರಂದು ಗಿರಿಡಿಯಲ್ಲಿ ತೀರಿಕೊಂಡರು. ಗಿಡಗಳಿಗೂ ನರಮಂಡಲದಂಥದ್ದು ಇದೆ ಎಂದು ಅವರು ಹೇಳಿದ್ದನ್ನು ವಿಜ್ಞಾನಿಗಳೆಲ್ಲ ಒಪ್ಪಿಲ್ಲ. ಆದರೆ ಗಿಡಗಳಲ್ಲಿ ವಿದ್ಯುತ್ ಸಂಜ್ಞೆ ಹರಿಯುವುದು ಇಂದು ಸಂದೇಹವಿಲ್ಲದ ವಿಷಯ.

ಅವರು ತೀರಿಕೊಂಡು ಸುಮಾರು ಮೂವತ್ತು ವರ್ಷಗಳ ನಂತರ, 1966ರಲ್ಲಿ, ಅಮೆರಿಕದ ಕ್ಲೀವ್ ಬ್ಯಾಕ್‌ಸ್ಟರ್ ಎಂಬಾತ ಸುಳ್ಳು ಪತ್ತೆ ಯಂತ್ರವನ್ನು ಎಲೆಗೆ ಹಚ್ಚಿ, ಗಿಡ ಮನುಷ್ಯರ ಮನಸ್ಸಿನ ಆಲೋಚನೆ ಅರಿಯುತ್ತದೆಂದು ಸಾರಿದ. ಅವನ ಇನ್ನೊಂದು ಪ್ರಯೋಗದಲ್ಲಿ, ಸಣ್ಣ ಸಿಗಡಿಗಳು ಸತ್ತರೆ ಗಿಡ ಮಿಡಿಯುತ್ತದೆ ಎಂಬ ಮಾತೂ ಬಂತು. ಬೇರೆ ವಿಜ್ಞಾನಿಗಳು ಅದನ್ನು ಕಟ್ಟುನಿಟ್ಟಾಗಿ ಪುನಃ ಮಾಡಿ ನೋಡಿ, ಅಂಥದ್ದೇನೂ ಕಾಣಲಿಲ್ಲವೆಂದು 1975ರಲ್ಲಿ ಪ್ರಕಟಿಸಿದರು. ಆದರೂ ಕಥೆ ಉಳಿಯಿತು. ಬೋಸರ ಹೆಸರನ್ನೂ ಅದಕ್ಕೆ ಅಂಟಿಸಿದರು.

ರೈತ ಬಾಂಧವರೇ, ಬೆಳೆಯನ್ನು ಪ್ರೀತಿಸಬಾರದೆಂದಲ್ಲ. ಪ್ರೀತಿ ಇದ್ದವನೇ ದಿನಾ ಹೊಲಕ್ಕೆ ಹೋಗುವವನು. ಬೆಳೆಗೆ ನಮ್ಮ ಮನಸ್ಸು ತಿಳಿಯದು, ನಮ್ಮ ಕೈಕೆಲಸ ತಿಳಿಯುತ್ತದೆ. ಅದು ಕೊಡುವ ಉತ್ತರವನ್ನು ಓದಲು ಕಲಿಯಬೇಕು. ಎಲೆ ಮಧ್ಯಾಹ್ನ ಜೋತು ಸಂಜೆಗೆ ಚೇತರಿಸಿಕೊಂಡರೆ ಅದು ಬಿಸಿಲಿನ ಪರಿಣಾಮ. ಮುಂಜಾನೆಯೂ ಜೋತಿದ್ದರೆ ಮಣ್ಣು ಕೆದಕಿ ಹಸಿ ನೋಡಿ, ಒಣಗಿದ್ದರೆ ನೀರು ಕೊಡಿ. ಮಣ್ಣು ಹಸಿಯಾಗಿದ್ದೂ ಗಿಡ ಬಾಡಿದ್ದರೆ ಇನ್ನಷ್ಟು ನೀರು ಹಾಯಿಸಬೇಡಿ. ಒಂದು ಗಿಡ ಕಿತ್ತು ಬೇರು, ಬುಡ ಪರೀಕ್ಷಿಸಿ. ಊಹಿಸುವ ಮೊದಲು ಗಿಡವನ್ನೇ ಕೇಳಬೇಕು ಎಂಬುದೇ ಬೋಸರು ನಮಗೆ ಬಿಟ್ಟುಹೋದ ಪಾಠ.