ಮೈಕೆಲ್ ಫ್ಯಾರಡೆಯ ಚರಿತ್ರೆ

ಮನೆಯಲ್ಲಿ ವಿದ್ಯುದ್ದೀಪವು ಬೆಳಗುವಾಗ ಆ ಶಕ್ತಿಯು ಹೇಗೆ ಹುಟ್ಟಿತೆಂದು ನಾವು ವಿಚಾರಿಸುವದು ಅಪರೂಪ. ಅದನ್ನು ಹುಟ್ಟಿಸುವ ಮಾರ್ಗವನ್ನು ಲೋಕಕ್ಕೆ ತೋರಿಸಿದವನು ಒಬ್ಬ ಬಡ ಕಮ್ಮಾರನ ಮಗನು. ಆತನ ಚರಿತ್ರೆಯನ್ನು ನಮ್ಮ ವಾಚಕರಿಗೆ ಸಂಕ್ಷೇಪವಾಗಿ ತಿಳಿಸುವೆವು.

ಮೈಕೆಲ್ ಫ್ಯಾರಡೆಯು 1791ನೆಯ ಇಸವಿ ಸೆಪ್ಟೆಂಬರ್ 22ರಂದು ಇಂಗ್ಲೆಂಡಿನ ಲಂಡನ್ ಪಟ್ಟಣದ ಬಳಿಯಲ್ಲಿ ಹುಟ್ಟಿದನು. ತಂದೆಯು ರೋಗಿಯಾಗಿದ್ದದರಿಂದ ಮನೆಯಲ್ಲಿ ಕೊರತೆಯೇ ಹೆಚ್ಚು. ಹುಡುಗನಿಗೆ ಓದು, ಬರಹ, ಲೆಕ್ಕಗಳ ಹೊರತು ಶಾಲೆಯ ವಿದ್ಯೆಯು ದೊರೆಯಲಿಲ್ಲ. ಹದಿನಾಲ್ಕನೆಯ ವಯಸ್ಸಿನಲ್ಲಿ ಪುಸ್ತಕ ಕಟ್ಟುವವನೊಬ್ಬನ ಬಳಿ ಕೆಲಸ ಕಲಿಯಲು ಸೇರಿ ಏಳು ವರುಷ ಅಲ್ಲಿದ್ದು, ಕಟ್ಟಲು ಬಂದ ಪುಸ್ತಕಗಳನ್ನೇ ಬಿಡುವಿನಲ್ಲಿ ಓದುತ್ತಿದ್ದನು. 1812ರಲ್ಲಿ ಪ್ರಖ್ಯಾತ ರಸಾಯನ ಪಂಡಿತನಾದ ಹಂಫ್ರಿ ಡೇವಿಯ ಉಪನ್ಯಾಸಗಳನ್ನು ಕೇಳಿ, ಅವುಗಳನ್ನು ಅಂದವಾಗಿ ಬರೆದು, ತಾನೇ ಪುಸ್ತಕವಾಗಿ ಕಟ್ಟಿ ಆ ಪಂಡಿತನಿಗೆ ಕಳುಹಿಸಿದನು. ಮರುವರುಷ ರಾಯಲ್ ಇನ್‌ಸ್ಟಿಟ್ಯೂಷನ್ ಎಂಬ ಸಂಸ್ಥೆಯಲ್ಲಿ ಡೇವಿಯ ಸಹಾಯಕನಾಗಿ ನೇಮಿಸಲ್ಪಟ್ಟನು.

1820ರಲ್ಲಿ ಡೆನ್ಮಾರ್ಕ್ ದೇಶದ ಓರ್ಸ್ಟೆಡ್ ಎಂಬವನು, ತಂತಿಯಲ್ಲಿ ವಿದ್ಯುತ್ತು ಹರಿದರೆ ಹತ್ತಿರದ ದಿಕ್ಸೂಚಿಯ ಮುಳ್ಳು ತಿರುಗುವದೆಂದು ಕಂಡುಹಿಡಿದನು. ಹಾಗಾದರೆ ಅಯಸ್ಕಾಂತದಿಂದ ವಿದ್ಯುತ್ತು ಏಕೆ ಹುಟ್ಟಬಾರದು? ಫ್ಯಾರಡೆಯು ಇದನ್ನು ಹಲವು ಸಾರಿ ಪರೀಕ್ಷಿಸಿದರೂ ಫಲವು ಸಿಕ್ಕಲಿಲ್ಲ. ಕಡೆಗೆ 1831ನೆಯ ಆಗಸ್ಟ್ 29ರಂದು ಒಂದು ಕಬ್ಬಿಣದ ಬಳೆಯ ಎರಡು ಪಕ್ಕಗಳಲ್ಲಿ ತಾಮ್ರದ ತಂತಿಗಳನ್ನು ಬೇರೆಬೇರೆಯಾಗಿ ಸುತ್ತಿ, ಒಂದು ಪಕ್ಕದ ತಂತಿಯನ್ನು ಬ್ಯಾಟರಿಗೆ ಕೂಡಿಸಿದನು. ಆ ಕ್ಷಣವೇ ಮತ್ತೊಂದು ಪಕ್ಕದ ತಂತಿಯ ಬಳಿಯಿದ್ದ ಮುಳ್ಳು ಅಲುಗಿ, ಬೇಗನೆ ತನ್ನ ಸ್ಥಳಕ್ಕೆ ಬಂದು ನಿಂತಿತು. ಬ್ಯಾಟರಿಯನ್ನು ಬಿಡಿಸಿದಾಗ ಮತ್ತೊಮ್ಮೆ ಅಲುಗಿತು. ನಡುವೆ, ವಿದ್ಯುತ್ತು ಸಮವಾಗಿ ಹರಿಯುತ್ತಿದ್ದಾಗ, ಮುಳ್ಳು ಅಲುಗಲೇ ಇಲ್ಲ.

ಅಕ್ಟೋಬರ್ 17ರಂದು ತಂತಿಯ ಸುರುಳಿಯೊಳಗೆ ಅಯಸ್ಕಾಂತದ ಕಡ್ಡಿಯನ್ನು ತಳ್ಳಿ ನೋಡಿದನು. ತಳ್ಳಿದಾಗ ಮುಳ್ಳು ಒಂದು ಕಡೆಗೂ ಎಳೆದಾಗ ಮತ್ತೊಂದು ಕಡೆಗೂ ತಿರುಗಿತು; ಸುಮ್ಮನೆ ಇಟ್ಟರೆ ಏನೂ ಆಗಲಿಲ್ಲ. ಆದಕಾರಣ ಅಯಸ್ಕಾಂತವು ಬಳಿಯಲ್ಲಿದ್ದರೆ ಸಾಲದು, ಅದರ ಪ್ರಭಾವವು ಬದಲಾಗುತ್ತಿರುವಾಗ ಮಾತ್ರವೇ ತಂತಿಯಲ್ಲಿ ವಿದ್ಯುತ್ತು ಹುಟ್ಟುವದೆಂದು ಸ್ಪಷ್ಟವಾಯಿತು. ಸೈಕಲ್ಲಿನ ಡೈನಮೊ ಚಕ್ರದೊಡನೆ ತಿರುಗಿ ದೀಪ ಹೊತ್ತಿಸುವದೂ ಚಕ್ರವು ನಿಂತ ಕೂಡಲೆ ದೀಪವು ಆರುವದೂ ಈ ನಿಯಮದಿಂದಲೇ. ಶಿವನಸಮುದ್ರದಲ್ಲಿ ಕಾವೇರಿಯ ನೀರು ಯಂತ್ರಗಳನ್ನು ತಿರುಗಿಸಿ 1902ರಲ್ಲಿ ಕೋಲಾರದ ಚಿನ್ನದ ಗಣಿಗಳಿಗೆ ವಿದ್ಯುತ್ತನ್ನು ಒದಗಿಸಿದ್ದೂ ಇದೇ ನಿಯಮದಿಂದ.

ಫ್ಯಾರಡೆಯು ಸ್ಯಾಂಡೆಮನ್ ಪಂಥದ ಚಿಕ್ಕ ಸಭೆಗೆ ಸೇರಿದವನು. 1821ರಲ್ಲಿ ಅಲ್ಲಿ ತನ್ನ ವಿಶ್ವಾಸವನ್ನು ಅರಿಕೆಮಾಡಿ, 1840ರಲ್ಲಿ ಸಭಾಹಿರಿಯನಾಗಿ, ಸಂಬಳವಿಲ್ಲದೆ ಪ್ರಸಂಗಿಸಿದನು. 1844ರಲ್ಲಿ ಸಭೆಯು ಆತನನ್ನು ಕೆಲವು ವಾರ ಅನ್ಯೋನ್ಯತೆಯಿಂದ ಹೊರಗಿಟ್ಟಿತು. ಯೂರೋಪಿನ ಪಂಡಿತರೆಲ್ಲರು ಗೌರವಿಸುತ್ತಿದ್ದ ಈ ಮನುಷ್ಯನು ಸಿಟ್ಟಿನಿಂದ ಬೇರೆ ಸಭೆಯನ್ನು ಹುಡುಕಿಕೊಂಡು ಹೋಗಲಿಲ್ಲ. ತಿರಿಗಿ ಸೇರಿಸಲ್ಪಟ್ಟು, ಹಿರಿಯನ ಪದವಿಯಿಲ್ಲದೆಯೇ ಬಹು ವರುಷ ಅಲ್ಲಿ ಆರಾಧಿಸಿದನು. 1860ರಲ್ಲಿ ಮತ್ತೆ ಹಿರಿಯನಾಗಿ ಆರಿಸಲ್ಪಟ್ಟನು.

ಸರ್ ಎಂಬ ಬಿರುದನ್ನೂ ರಾಯಲ್ ಸೊಸೈಟಿಯ ಅಧ್ಯಕ್ಷ ಪದವಿಯನ್ನೂ ಆತನು ಒಲ್ಲೆನೆಂದನು. 1867ನೆಯ ಆಗಸ್ಟ್ 25ರಂದು ತೀರಿಕೊಂಡಾಗ ಹೈಗೇಟ್ ಸ್ಮಶಾನದಲ್ಲಿ ಆಡಂಬರವಿಲ್ಲದೆ ಹೂಣಲ್ಪಟ್ಟನು.

ಹುಟ್ಟಿನಿಂದಾಗಲಿ ಶಾಲೆಯಿಂದಾಗಲಿ ದೊರೆಯದ್ದನ್ನು ಈತನು ಎರವಲಾಗಿ ಕೈಗೆ ಬಂದ ಪುಸ್ತಕಗಳಿಂದ ಪಡೆದನು. ನಮ್ಮ ಹಳ್ಳಿಗಳಲ್ಲಿ ಕುಲುಮೆಯ ಬಳಿಯಲ್ಲಿಯೂ ಹೊಲಗಳಲ್ಲಿಯೂ ಬೆಳೆಯುವ ಮಕ್ಕಳಿಗೆ ಒಂದೆರಡು ಪುಸ್ತಕಗಳನ್ನಾದರೂ ಒದಗಿಸುವದು ನಮ್ಮೆಲ್ಲರ ಕರ್ತವ್ಯವಾಗಿದೆ.